ಗುಂಡನಿಗೆ ಜೋಡಿ ಬೇಡ್ವಂತೆ

ಸಿಡ್ನಿಯ ನಮ್ಮನೇಲಿ ಬಿಯರ್ಡೆಡ್ ಡ್ರ್ಯಾಗನ್ ಅನ್ನೋ ಹಲ್ಲಿ ಜಾತಿಯ ಪ್ರಾಣಿ ಸಾಕಿದೀವಿ ಅಂತ ಗೊತ್ತಾದ್ರೆ ಊರಿನ ಕಡೆಯವ್ರು ಕೇಳೋದು ಎರಡೇ ಪ್ರಶ್ನೆ. ಒಂದು, ಕಚ್ಚಲ್ವಾ. ಇನ್ನೊಂದು, ಪಾಪ ಒಂದೇನಾ ಇರೋದು. ಮೊದಲನೇದಕ್ಕೆ ಉತ್ತರ ಸುಲಭ, ಬೆರಳಿಗೆ ಹುಳದ ವಾಸನೆ ಇಲ್ಲದಿದ್ರೆ ಕಚ್ಚಲ್ಲ. ಎರಡನೇದಕ್ಕೆ ಏನು ಹೇಳಿದ್ರೂ ಯಾರೂ ನಂಬಲ್ಲ. ತಿಪಟೂರಿನ ನಮ್ಮ ದೊಡ್ಡಮ್ಮ ವಿಡಿಯೋ ಕಾಲಲ್ಲಿ ಮೊದಲ ಸಲ ನೋಡ್ದಾಗ "ಥೂ, ಓತಿಕ್ಯಾತ ಸಾಕೋಕೆ ಸಿಡ್ನಿವರೆಗೂ ಹೋಗ್ಬೇಕಿತ್ತೇನೋ" ಅಂತ ಬೈದ್ರು, ಆಮೇಲೆ ನೋಡಿ ನೋಡಿ ಅಭ್ಯಾಸ ಆಯ್ತೋ ಏನೋ, "ವಯಸ್ಸಿಗೆ ಬಂದಿದೆ ಕಣೋ, ಅದಕ್ಕೂ ಒಂದು ಹೆಣ್ಣು ನೋಡ್ರೋ" ಅನ್ನೋಕೆ ಶುರು ಮಾಡಿದ್ರು.

ಓತಿಕ್ಯಾತ ಅಂದಿದ್ದು ತಪ್ಪೇನಲ್ಲ. ಇವೆರಡೂ ಒಂದೇ ಕುಟುಂಬ, ಅಗಾಮಿಡೇ ಅಂತಾರೆ. ನಮ್ಮ ಹಿತ್ತಲ ಬೇಲಿ ಮೇಲೆ ಕೂತು ತಲೆ ಅಲ್ಲಾಡಿಸ್ತಾ ಕತ್ತು ಕೆಂಪು ಮಾಡ್ಕೊಳ್ಳುತ್ತಲ್ಲ, ಅದರ ದಪ್ಪ, ಸೋಮಾರಿ, ಮುಳ್ಳುಮುಳ್ಳಿನ ಆಸ್ಟ್ರೇಲಿಯಾ ದಾಯಾದಿ ಇದು. ಪೋಗೋನಾ ವಿಟಿಸೆಪ್ಸ್. ಮೂಗಿಂದ ಬಾಲದ ತುದಿವರೆಗೆ ಸುಮಾರು 60 ಸೆಂಟಿಮೀಟರ್ ಬೆಳೆಯುತ್ತೆ, ಅದರಲ್ಲಿ ಅರ್ಧಕ್ಕಿಂತ ಹೆಚ್ಚು ಬಾಲವೇ. ಬಾಲ ತುಂಡಾದ್ರೆ ಹಲ್ಲಿ ಥರ ಮತ್ತೆ ಬೆಳೆಯಲ್ಲ, ಈ ವಿಷಯ ಮುಂದೆ ಬರುತ್ತೆ, ನೆನಪಿಟ್ಕೊಳ್ಳಿ. ನ್ಯೂ ಸೌತ್ ವೇಲ್ಸ್‌ನಲ್ಲಿ ಇದನ್ನ ಸಾಕೋಕೆ ಸರ್ಕಾರದಿಂದ ಲೈಸೆನ್ಸ್ ತಗೋಬೇಕು, ಇದು ಇಲ್ಲಿಯದೇ ಕಾಡುಪ್ರಾಣಿ. ಹೊರದೇಶಗಳಲ್ಲಿ ಪೆಟ್ ಅಂಗಡಿಗಳಲ್ಲಿ ಸಿಗ್ತಾವಲ್ಲ, ಆಸ್ಟ್ರೇಲಿಯಾ 1960ರ ದಶಕದಲ್ಲೇ ತನ್ನ ಪ್ರಾಣಿಗಳ ರಫ್ತಿಗೆ ಬಾಗಿಲು ಹಾಕಿದ್ರಿಂದ, ಅವೆಲ್ಲ ಯಾವ್ಯಾವ ಕಾಲದಲ್ಲೋ ಹೊರಗೆ ಹೋದ, ಬಹುಪಾಲು ಕಳ್ಳಸಾಗಣೆ ಆದ ಪ್ರಾಣಿಗಳ ಮರಿಮಕ್ಕಳು.

ನಮ್ಮದರ ಹೆಸರು ಗುಂಡ. ಹೆಸರಿಟ್ಟಿದ್ದು ಮಗಳು.

ಇವನ್ನ ಮನೆ ಒಳಗಿಟ್ಟುಕೊಂಡು ನೋಡೋ ಮೊದಲು ಕಾಡಲ್ಲಿ ಇವು ಹೇಗಿರ್ತಾವೆ ಅಂತ ನೋಡಿದ್ರೆ ಅರ್ಧ ಗೊಂದಲ ಕಮ್ಮಿ ಆಗುತ್ತೆ. ಸಿಡ್ನಿಯಿಂದ ಪಶ್ಚಿಮಕ್ಕೆ ಡಬ್ಬೋ ದಾಟಿ, ಕೋಬಾರ್ ದಾಟಿ ಬ್ರೋಕನ್ ಹಿಲ್ ಕಡೆ ಡ್ರೈವ್ ಮಾಡ್ತಾ ಹೋದ್ರೆ ಮಣ್ಣು ಕೆಂಪಾಗ್ತಾ ಹೋಗುತ್ತೆ, ಮರ ಗಿಡ್ಡ ಆಗ್ತಾ ಹೋಗುತ್ತೆ, ಆಗ ರಸ್ತೆ ಪಕ್ಕದ ತಂತಿಬೇಲಿ ಕಂಬಗಳ ಮೇಲೆ ಕಣ್ಣಿಡಿ. ಬಿಸಿಲೇರ್ತಿದ್ದ ಹಾಗೆ ಒಂದು ಕಂಬದ ತುದೀಲಿ ಒಂದು ಕೂತಿರುತ್ತೆ, ತಲೆ ಎತ್ತಿ, ಯಾವುದೋ ಗ್ರಾಮ ಪಂಚಾಯ್ತಿ ಅಧ್ಯಕ್ಷನ ಗತ್ತಲ್ಲಿ. ಓತಿಕ್ಯಾತಕ್ಕೆ ಬೇಲಿ ಸಾಕ್ಷಿ ಅನ್ನೋ ಗಾದೆ ಇಲ್ಲಿಗೂ ಸಲ್ಲುತ್ತೆ. ಒಂದು ಕಂಬದಲ್ಲಿ ಎರಡು ಕೂತಿದ್ದನ್ನ ಮಾತ್ರ ನಾನು ನೋಡಿಲ್ಲ. ದೊಡ್ಡ ಗಂಡಿಗೆ ಅದರದ್ದೇ ಒಂದು ಜಾಗ, ಅಲ್ಲಿಂದ ಸುತ್ತ ಕಾಣಬೇಕು, ತಾನೂ ಕಾಣಬೇಕು. ಇನ್ನೊಂದು ಗಂಡು ಹತ್ತಿರ ಬಂದ್ರೆ ಗಡ್ಡ, ಅಂದ್ರೆ ಗಂಟಲ ಕೆಳಗಿನ ಮುಳ್ಳುಮುಳ್ಳು ಚರ್ಮ, ಉಬ್ಬಿಸಿ, ಮೈ ಚಪಾತಿ ಥರ ಚಪ್ಪಟೆ ಮಾಡಿ ಓರೆಯಾಗಿ ನಿಂತು ತಾನೆಷ್ಟು ದೊಡ್ಡವನು ಅಂತ ತೋರಿಸುತ್ತೆ. ಬಹಳ ಸಲ ಅಲ್ಲಿಗೇ ಮುಗಿಯುತ್ತೆ, ಚಿಕ್ಕದು ಜಾಗ ಬಿಟ್ಟು ಹೋಗುತ್ತೆ. ಮುಗೀದೆ ಇದ್ರೆ ಮಾತ್ರ ಕಚ್ಚಾಟ.

ಅಂದ್ರೆ ಇದು ಹಿಂಡಿನ ಪ್ರಾಣಿ ಅಲ್ಲ. ಹಾಗಂತ ಪಕ್ಕದವರ ಗೊಡವೇನೇ ಇಲ್ಲದ ಪ್ರಾಣಿಯೂ ಅಲ್ಲ, ಪಕ್ಕದ ಕಂಬದಲ್ಲಿ ಯಾರಿದಾರೆ, ನನಗಿಂತ ದೊಡ್ಡವರಾ ಚಿಕ್ಕವರಾ ಅನ್ನೋ ಲೆಕ್ಕ ಅದಕ್ಕೆ ಸದಾ ಬೇಕು. ನಮ್ಮ ಓಣಿಗಳಲ್ಲಿ ಮಾತಾಡದೇ ಇದ್ರೂ ಎದುರು ಮನೆಗೆ ಯಾರು ಬಂದ್ರು ಯಾರು ಹೋದ್ರು ಅಂತ ಗೊತ್ತಿರೋ ಕೆಲವರು ಇರ್ತಾರಲ್ಲ, ಅಂಥ ಸಂಬಂಧ.

ಈಗ ಪ್ರೇಮದ ವಿಷಯಕ್ಕೆ ಬರ್ತೀನಿ. ಇಲ್ಲಿ ಸೆಪ್ಟೆಂಬರ್ ಅಂದ್ರೆ ವಸಂತ. ಚಳಿಗಾಲ ಪೂರ್ತಿ ಗುಂಡ ಮರದ ತುಂಡಿನ ಕೆಳಗೆ ಮೂಲೇಲಿ ಬಿದ್ದಿರ್ತಾನೆ, ಊಟ ಬೇಡ, ಬೆಳಕು ಬೇಡ, ಬ್ರೂಮೇಶನ್ ಅಂತಾರೆ, ಹೊಸದಾಗಿ ಸಾಕಿದವರು ಸತ್ತೇ ಹೋಯ್ತೇನೋ ಅಂತ ವೆಟ್ ಹತ್ರ ಓಡೋದು ಆಗಲೇ. ಆಗಸ್ಟ್ ಕೊನೆ ಹೊತ್ತಿಗೆ ಒಂದು ಬೆಳಿಗ್ಗೆ ತಾನೇ ಎದ್ದು ಬಂದು ಲ್ಯಾಂಪ್ ಕೆಳಗೆ ಕೂರ್ತಾನೆ, ತಿನ್ನೋಕೆ ಶುರು ಮಾಡ್ತಾನೆ, ಆಮೇಲೆ ಕೆಲವೇ ದಿನದಲ್ಲಿ ಗಡ್ಡ ಕಪ್ಪಾಗುತ್ತೆ. ಮಸಿ ಬಳಿದ ಹಾಗೆ ಕಪ್ಪು. ಗಾಜಲ್ಲಿ ತನ್ನ ನೆರಳು ಕಂಡ್ರೂ ಕಪ್ಪು, ನನ್ನ ಕರಿ ಜಾಕೆಟ್ ಕಂಡ್ರೂ ಕಪ್ಪು.

ಒಂದು ವರ್ಷ ಅದೇ ಹೊತ್ತಿಗೆ ನಮ್ಮ ಫ್ರೆಂಡ್ ಮನೆಯವ್ರು ಊರಿಗೆ ಹೋಗ್ತಾ ಅವರ ಹೆಣ್ಣು ಬಿಯರ್ಡಿನ (ಬಿಯರ್ಡೆಡ್ ಡ್ರ್ಯಾಗನ್‌ನ ಮುದ್ದು ಹೆಸರು), ಅದರ ಹೆಸರು ಪುಟ್ಟಿ, ಗಾಜಿನ ಟ್ಯಾಂಕ್ ಸಮೇತ ನಮ್ಮನೇಲಿ ಬಿಟ್ಟು ಹೋದ್ರು. ಹಾಲ್‌ನ ಈ ಗೋಡೆಗೆ ಗುಂಡನ ಟ್ಯಾಂಕ್, ಆ ಗೋಡೆಗೆ ಪುಟ್ಟೀದು. ಇಟ್ಟು ಕೈ ತೊಳ್ಕೊಂಡು ಬರೋಷ್ಟರಲ್ಲಿ ಗುಂಡ ಗಾಜಿಗೆ ಎದೆ ಕೊಟ್ಟು ನಿಂತಿದ್ದ. ಮೊದಲು ಗಡ್ಡ ಉಬ್ಬಿತು, ಗಂಟಲ ಮಧ್ಯದಿಂದ ಕಪ್ಪು ಅಂಚಿನವರೆಗೂ ಹರಡಿತು, ಆಮೇಲೆ ತಲೆ ಕುಣಿಸೋಕೆ ಶುರು. ತಲೆ ಕುಣಿಸೋದು ಅಂದ್ರೆ ನಾವು ಹೂಂ ಅಂತ ತಲೆ ಹಾಕ್ತೀವಲ್ಲ ಹಾಗಲ್ಲ, ಮುಂಗಾಲು ಎರಡೂ ನೆಲದಿಂದ ಕಿತ್ತು ಬರೋ ಹಾಗೆ ಇಡೀ ಮುಂಭಾಗ ಮೇಲೆ ಕೆಳಗೆ, ಪಟಪಟ ಅಂತ, ನಡುವೆ ಒಂದು ಕಾಲಲ್ಲಿ ನೆಲ ಗುದ್ದೋದು ಬೇರೆ, ಕೆಳಗಿನ ಟೈಲ್ಸ್ ಸದ್ದು ನನಗೆ ಅಡುಗೆಮನೆಗೆ ಕೇಳಿಸ್ತಿತ್ತು. ಆ ಕಡೆ ಪುಟ್ಟಿ ಸ್ವಲ್ಪ ಹೊತ್ತು ಸುಮ್ಮನೆ ನೋಡ್ತು. ಆಮೇಲೆ ಬಲಗೈ ಎತ್ತಿ, ಗಾಳೀಲಿ ನಿಧಾನಕ್ಕೆ ಒಂದು ಸುತ್ತು ತಿರುಗಿಸಿ ಕೆಳಗಿಟ್ಟಿತು. ಮತ್ತೆ ಎಡಗೈ. ನೀರೊಳಗೆ ಕೈ ಆಡಿಸಿದ ಹಾಗೆ ಅಷ್ಟು ನಿಧಾನ.

ಮಗಳು ಚಪ್ಪಾಳೆ ತಟ್ಟಿ "ಹಾಯ್ ಹೇಳ್ತಿದಾಳೆ!" ಅಂದ್ಳು. ಇಂಟರ್ನೆಟ್ ತುಂಬಾ ಇದೇ ಇದೆ, ಡ್ರ್ಯಾಗನ್ ಟಾಟಾ ಮಾಡೋ ವಿಡಿಯೋಗಳು, ಕೆಳಗೆ ಹಾರ್ಟ್ ಎಮೋಜಿ. ಇದನ್ನ ಬಲ್ಲವರು ಓದೋದು ಬೇರೆ ಥರ. ಕೈ ಬೀಸೋದು ಅಂದ್ರೆ ಹೆಚ್ಚಾಗಿ "ನಾನು ನಿನ್ನವರ ಪೈಕಿಯೇ, ನಾನು ಚಿಕ್ಕವಳು, ನನ್ನ ಜೊತೆ ಜಗಳ ಬೇಡ" ಅನ್ನೋ ಅರ್ಥ. ಮೊಟ್ಟೆಯೊಡೆದು ಹೊರಗೆ ಬಂದ ಮರಿಗಳು ದೊಡ್ಡದನ್ನ ಕಂಡ್ರೆ ಹೀಗೇ ಮಾಡ್ತಾವೆ, ಸೋತ ಗಂಡೂ ಮಾಡುತ್ತೆ, ಹೆಣ್ಣು ಗಂಡಿನ ಕುಣಿತಕ್ಕೆ ಉತ್ತರವಾಗಿ ಮಾಡುತ್ತೆ. ನಿಮ್ಮ ಬಿಯರ್ಡಿ ನಿಮ್ಮನ್ನ ನೋಡಿದಾಗೆಲ್ಲ ಕೈ ಬೀಸ್ತಿದ್ರೆ ಖುಷಿಪಡೋಕಿಂತ ನೀವು ಮೇಲಿಂದ ಕೈ ಹಾಕ್ತಿದೀರಾ ಅಂತ ನೋಡ್ಕೊಳ್ಳೋದು ವಾಸಿ. ಇವಕ್ಕೆ ನೆತ್ತಿ ಮೇಲೆ ಮೂರನೇ ಕಣ್ಣಿದೆ, ಉತ್ಪ್ರೇಕ್ಷೆ ಅಲ್ಲ, ಪೆರೈಟಲ್ ಕಣ್ಣು ಅಂತಾನೇ ಹೆಸರು, ಸಣ್ಣ ಬಿಳಿ ಚುಕ್ಕೆ ಥರ ಕಾಣುತ್ತೆ. ಚಿತ್ರ ಕಾಣಿಸಲ್ಲ, ಬೆಳಕು ನೆರಳು ಗೊತ್ತಾಗುತ್ತೆ. ಮೇಲಿಂದ ನೆರಳು ಬಿತ್ತು ಅಂದ್ರೆ ಅದರ ಲೆಕ್ಕದಲ್ಲಿ ಹದ್ದು ಬಂತು.

ಇವುಗಳ ಶಬ್ದಕೋಶ ತೀರಾ ಚಿಕ್ಕದು. ಗಡ್ಡ ಉಬ್ಬಿಸೋದು, ಕಪ್ಪಾಗಿಸೋದು, ತಲೆ ಕುಣಿಸೋದು, ಕೈ ಬೀಸೋದು, ಬಾಲ ಎತ್ತೋದು, ಚಪ್ಪಟೆ ಆಗೋದು, ಬಾಯಿ ತೆರೆಯೋದು, ಹೆಚ್ಚುಕಮ್ಮಿ ಇಷ್ಟೇ. ಇಷ್ಟರಲ್ಲೇ ಯುದ್ಧಾನೂ ಆಗ್ಬೇಕು ಮದುವೇನೂ ಆಗ್ಬೇಕು. ಗಂಡು ಇನ್ನೊಂದು ಗಂಡಿಗೆ ತೋರಿಸೋದೂ ಕಪ್ಪು ಗಡ್ಡಾನೇ, ಹೆಣ್ಣಿಗೆ ತೋರಿಸೋದೂ ಅದೇ. ಮೈ ಹುಷಾರಿಲ್ದೆ ನೋವಿದ್ರೂ ಗಡ್ಡ ಕಪ್ಪಾಗುತ್ತೆ, ಅದು ಇನ್ನೊಂದು ಫಜೀತಿ. ಮೆಲ್ಬರ್ನ್ ಯೂನಿವರ್ಸಿಟಿಯವ್ರು ಇದನ್ನ ಬಿಡಿಸಿ ನೋಡಿದಾರೆ: ಬೆನ್ನಿನ ಬಣ್ಣ ಬದಲಾಗೋದು ಬಿಸಿಲಿನ ಲೆಕ್ಕಕ್ಕೆ, ಬೆಳಿಗ್ಗೆ ತಣ್ಣಗಿರುವಾಗ ಕಡುಬಣ್ಣ ಆಗಿ ಶಾಖ ಹೀರಿಕೊಳ್ಳುತ್ತೆ, ಕಾದ ಮೇಲೆ ತಿಳಿಯಾಗುತ್ತೆ, ಗಡ್ಡ ಮತ್ತು ಎದೆಯ ಬಣ್ಣ ಮಾತ್ರ ಬೇರೆಯವರಿಗೆ ತೋರಿಸೋಕೆ. ಅಂದ್ರೆ ಒಂದೇ ಚರ್ಮದಲ್ಲಿ ಬೆನ್ನು ಸ್ವಂತಕ್ಕೆ, ಗಡ್ಡ ಸಮಾಜಕ್ಕೆ.

ಇದಕ್ಕೆ ನಮ್ಮ ಕಡೆಯದ್ದೇ ಇನ್ನೂ ಚೆಂದದ ಉದಾಹರಣೆ ಇದೆ. ನಂದಿಬೆಟ್ಟ, ರಾಮನಗರ ಕಡೆ ಬಂಡೆ ಮೇಲೆ ಕೂರೋ ಕೆಂಪು ಕಪ್ಪು ಓತಿ ನೋಡಿರ್ತೀರ. ಬೆಂಗಳೂರಿನ ಐಐಎಸ್‌ಸಿಯ ವಿಜ್ಞಾನಿಗಳು ಅದರ ಬಣ್ಣ ಅಧ್ಯಯನ ಮಾಡಿದಾರೆ. ಅದರ ಗಂಡು ಹೆಣ್ಣಿನ ಮುಂದೆ ತೋರಿಸೋ ಬಣ್ಣಾನೇ ಬೇರೆ, ಇನ್ನೊಂದು ಗಂಡಿನ ಮುಂದೆ ತೋರಿಸೋದೇ ಬೇರೆ, ಕ್ಷಣಗಳಲ್ಲಿ ಬದಲಾಯಿಸುತ್ತೆ. ಆ ಸೌಲಭ್ಯ ಪಾಪ ಗುಂಡನ ಜಾತಿಗೆ ಇಲ್ಲ. ಎರಡಕ್ಕೂ ಒಂದೇ ಕೋಟು.

ಪುಟ್ಟಿ ಮತ್ತೆ ಗುಂಡನನ್ನ ನಾವು ಒಟ್ಟಿಗೆ ಬಿಡ್ಲಿಲ್ಲ. ಬಿಡಿ ಅಂತ ದೊಡ್ಡಮ್ಮನಿಂದ ಹಿಡಿದು ಆಫೀಸಿನವರವರೆಗೆ ಎಲ್ರೂ ಹೇಳಿದ್ರು. ನಾವು ಎರಡು ಟ್ಯಾಂಕ್ ಮಧ್ಯೆ ಒಂದು ಹಳೇ ಬೆಡ್‌ಶೀಟ್ ಇಳಿಬಿಟ್ವಿ, ಯಾಕಂದ್ರೆ ಗುಂಡ ಮೂರು ಹೊತ್ತೂ ಕುಣಿತಾ ಊಟ ಬಿಟ್ಟಿದ್ದ. ಪರದೆ ಬಿದ್ದ ಮಾರನೇ ದಿನ ಗಡ್ಡ ತಿಳಿ ಆಯ್ತು, ವುಡೀಸ್ ಅಂತ ಇಲ್ಲಿ ಮಾರ್ತಾರಲ್ಲ ಆ ಸಣ್ಣ ಜಿರಳೆಗಳನ್ನ ಎಂದಿನಂತೆ ನುಂಗಿದ. ವಿರಹ ಗಿರಹ ಏನೂ ಕಾಣ್ಲಿಲ್ಲ.

ನಿಜವಾದ ಕೂಡುವಿಕೆ ನೋಡಿದ್ದು ಸಿಡ್ನಿಯ ಪಶ್ಚಿಮಕ್ಕಿರೋ ಪೆನ್ರಿತ್ ಕಡೆ ಒಬ್ಬ ಬ್ರೀಡರ್ ಗರಾಜ್‌ನಲ್ಲಿ. ಬಹಳ ವರ್ಷದಿಂದ ಇದೇ ಕೆಲಸ ಮಾಡ್ಕೊಂಡಿರೋ ಹೆಂಗಸು. ಅವರ ಪದ್ಧತಿ ಹೀಗೆ: ಹೆಣ್ಣಿಗೆ ಎರಡು ವರ್ಷ ತುಂಬಿರ್ಬೇಕು, ಮೈ ತುಂಬಿಕೊಂಡಿರ್ಬೇಕು, ಚಳಿಗಾಲದ ನಿದ್ದೆ ಮುಗಿಸಿ ಚೆನ್ನಾಗಿ ತಿಂದು ಚೇತರಿಸಿಕೊಂಡಿರ್ಬೇಕು, ಆಗ ಹೆಣ್ಣನ್ನ ಗಂಡಿನ ಜಾಗಕ್ಕೆ ಬಿಡೋದು, ಕೆಲಸ ಮುಗೀತಿದ್ದ ಹಾಗೆ ಎತ್ತಿ ವಾಪಸ್ ಅದರ ಜಾಗಕ್ಕೆ. ಬಿಟ್ಟಿದ್ದೇ ತಡ ಗಂಡು ಕಪ್ಪು ಕಟ್ಟಿ ಕುಣಿತಾ ಸುತ್ತು ಹಾಕ್ತು. ಹೆಣ್ಣು ಓಡ್ಲಿಲ್ಲ, ತಲೆ ಒಂದು ಸಲ ನಿಧಾನಕ್ಕೆ ತಗ್ಗಿಸ್ತು, ಕೈ ಬೀಸ್ತು. ಆಮೇಲಿನದು ನೋಡೋಕೆ ಸರಸ ಅನ್ನೋ ಹಾಗಿರಲಿಲ್ಲ ಬಿಡಿ. ಗಂಡು ನುಗ್ಗಿ ಹೋಗಿ ಅದರ ಕತ್ತಿನ ಹಿಂದಿನ ಚರ್ಮವನ್ನ ಬಾಯಲ್ಲಿ ಗಟ್ಟಿಯಾಗಿ ಕಚ್ಚಿ ಹಿಡಿದು, ಮೇಲೆ ಹತ್ತಿ, ತನ್ನ ಬಾಲದ ಬುಡವನ್ನ ಅದರ ಬಾಲದ ಕೆಳಗೆ ತಿರುಚಿ ಸೇರಿಸ್ತು. ಕೆಲವೇ ನಿಮಿಷ. ಬಿಟ್ಟ ಮೇಲೆ ನೋಡಿದ್ರೆ ಹೆಣ್ಣಿನ ಕತ್ತಿನ ಮೇಲೆ ಹಲ್ಲಿನ ಗುರುತು, ಪಕ್ಕದಲ್ಲಿ ಹೋದ ವರ್ಷದ ಮಾಸಿದ ಗುರುತು. ನಾನು ಮುಖ ಕಿವುಚಿದ್ದು ನೋಡಿ ಆಕೆ, ಒಪ್ಪಿಗೆ ಇಲ್ದಿದ್ರೆ ಹೇಗಿರುತ್ತೆ ಅಂತ ನೀನು ನೋಡಿಲ್ಲ ಅಂದ್ರು. ಆಗ ಹೆಣ್ಣು ಬಾಯಿ ತೆರೆದು ಗಡ್ಡ ಉಬ್ಬಿಸುತ್ತೆ, ಹೆಣ್ಣಿಗೂ ಗಡ್ಡ ಇದೆ, ಕಪ್ಪೂ ಮಾಡುತ್ತೆ, ಗಂಡಿನಷ್ಟು ಗಾಢ ಅಲ್ಲ ಅಷ್ಟೇ. ಇಲ್ಲಾ ಓಡುತ್ತೆ. ಬಯಲಲ್ಲಿ ಓಡಿದ್ರೆ ತಪ್ಪಿಸ್ಕೊಳ್ಳುತ್ತೆ. ನಾಲ್ಕಡಿ ಗಾಜಿನ ಡಬ್ಬದಲ್ಲಿ ಎಲ್ಲಿಗೆ ಓಡುತ್ತೆ?

ನನಗೆ ಜೋಡಿ ಸಾಕೋ ವಿಷಯದಲ್ಲಿ ತಲೆಗೆ ಸರಿಯಾಗಿ ಹೋಗಿದ್ದು ಆ ಪ್ರಶ್ನೆ. ಗಂಡು ಹೆಣ್ಣು ಒಟ್ಟಿಗಿಟ್ರೆ ಗಂಡು ಬೇಸಿಗೆ ಪೂರ್ತಿ ಬಿಡಲ್ಲ. ಹೆಣ್ಣು ಒಂದು ಸಲ ಕೂಡಿದ್ರೆ ವೀರ್ಯವನ್ನ ಮೈಯೊಳಗೆ ಕಾಪಿಟ್ಟುಕೊಂಡು ಆಮೇಲೂ ಮೊಟ್ಟೆ ಇಡಬಲ್ಲದು, ಒಂದೊಂದು ಸಲಕ್ಕೆ ಹದಿನೈದಿಪ್ಪತ್ತು, ಒಮ್ಮೊಮ್ಮೆ ಮೂವತ್ತರ ಹತ್ತಿರ, ಒಂದೇ ಸೀಸನ್‌ನಲ್ಲಿ ಹಲವು ಸಲ. ಅಷ್ಟೂ ಮೊಟ್ಟೆ ಚಿಪ್ಪಿನ ಕ್ಯಾಲ್ಸಿಯಂ ಅದರ ಮೈಯಿಂದಲೇ ಹೋಗೋದು, ಊಟದಲ್ಲಿ ಸಾಲದಿದ್ರೆ ಮೂಳೆಯಿಂದ. ಗಂಡಿಲ್ದೇನೂ ಮೊಟ್ಟೆ ಇಡುತ್ತೆ, ಪುಟ್ಟಿ ನಮ್ಮನೇಲಿದ್ದಾಗಲೇ ಇಟ್ಟಿತು. ಇದ್ದಕ್ಕಿದ್ದಂತೆ ಊಟ ಬಿಟ್ಟು, ಗಾಜಿಗೆ ಕೈ ಉಜ್ಜುತ್ತಾ, ಮೂಲೆ ಮೂಲೆ ಕೆರೀತಾ ಓಡಾಡಿತು. ಒಂದು ದೊಡ್ಡ ಪ್ಲಾಸ್ಟಿಕ್ ಡಬ್ಬಕ್ಕೆ ಒದ್ದೆ ಮರಳು ಮಣ್ಣು ಕಲಸಿ ತುಂಬಿ ಇಟ್ವಿ. ಅರ್ಧ ದಿನ ತೋಡಿ, ಪೂರ್ತಿ ಒಳಗೆ ಇಳಿದು, ಮೂತಿಯಷ್ಟೇ ಹೊರಗೆ ಬಿಟ್ಟು ಇಟ್ಟಿತು, ಮೇಲೆ ಬಂದು ಮೂತಿಯಲ್ಲೇ ಮಣ್ಣು ತಟ್ಟಿ ತಟ್ಟಿ ಮುಚ್ಚಿತು. ಹೊಟ್ಟೆ ಒಳಕ್ಕೆ ಹೋಗಿ ಸೊಂಟದ ಮೂಳೆ ಕಾಣ್ತಿತ್ತು. ಇಪ್ಪತ್ತರ ಹತ್ತಿರ ಹಳದಿ ಬಣ್ಣದ ಮೆತ್ತಗಿನ ಜೊಳ್ಳು ಮೊಟ್ಟೆಗಳು. ತೋಡೋಕೆ ಜಾಗ ಸಿಗದೆ ಮೊಟ್ಟೆ ಒಳಗೇ ಸಿಕ್ಕಿಕೊಂಡ್ರೆ ಪ್ರಾಣಕ್ಕೇ ಬರುತ್ತೆ, ಹೆಣ್ಣು ಸಾಕೋರು ಇದನ್ನ ಮೊದಲೇ ತಿಳ್ಕೊಂಡಿರ್ಬೇಕು.

ಆಮೇಲೆ ಆ ಫೋಟೋಗಳು. ಎರಡು ಬಿಯರ್ಡಿ ಒಂದರ ಮೇಲೊಂದು ಮಲಗಿರೋದು, "ಬೆಸ್ಟ್ ಫ್ರೆಂಡ್ಸ್" ಅಂತ ಕ್ಯಾಪ್ಷನ್. ಮೇಲಿರೋದು ಕೆಳಗಿನದರ ಬಿಸಿಲು ಕಿತ್ಕೊಂಡಿದೆ, ಅಷ್ಟೇ. ಇವಕ್ಕೆ ತಿಂದಿದ್ದು ಅರಗಬೇಕಂದ್ರೆ 40 ಡಿಗ್ರಿ ಆಸುಪಾಸಿನ ಬಿಸಿ ಜಾಗ ಬೇಕು, ಮೇಲಿಂದ ಯುವಿ ಬೆಳಕು ಬೇಕು. ಲ್ಯಾಂಪ್ ಕೆಳಗಿನ ಆ ಒಂದು ಕಲ್ಲು ಯಾರ ಕೈಲಿದೆಯೋ ಟ್ಯಾಂಕ್ ಅವರದ್ದು. ಕೆಳಗಿನದು ಕಚ್ಚಾಡಲ್ಲ, ಸುಮ್ಮನಿರುತ್ತೆ, ಅದಕ್ಕೇ ನೋಡೋರಿಗೆ ಹೊಂದ್ಕೊಂಡಿವೆ ಅನ್ಸುತ್ತೆ. ತಿಂಗಳುಗಟ್ಟಲೆ ಆದ್ಮೇಲೆ ಒಂದು ದಪ್ಪ, ಒಂದು ಸಣಕಲು. ಇನ್ನು ಕೆಲವು ಕಡೆ ಕಾಲ್ಬೆರಳು ಹೋಗಿರುತ್ತೆ, ಬಾಲದ ತುದಿ ಹೋಗಿರುತ್ತೆ. ಬಾಲ ಮತ್ತೆ ಬೆಳೆಯಲ್ಲ ಅಂತ ಮೊದಲೇ ಹೇಳಿದ್ದು ಇದಕ್ಕೇ.

ಹಾಗಾದ್ರೆ ಹಲ್ಲಿ ಜಾತಿಗೇ ಒಲವು ಅನ್ನೋದಿಲ್ವಾ ಅಂದ್ರೆ ಹಾಗೂ ಅಲ್ಲ, ಇಲ್ಲೇ ಆಸ್ಟ್ರೇಲಿಯಾದಲ್ಲೇ ಇದಕ್ಕೆ ಪೂರ್ತಿ ಉಲ್ಟಾ ಒಂದಿದೆ. ಶಿಂಗಲ್‌ಬ್ಯಾಕ್ ಅಂತ, ಪೈನ್‌ಕಾಯಿಗೆ ಕಾಲು ಬಂದ ಹಾಗಿರುತ್ತೆ, ಅದನ್ನ ದಕ್ಷಿಣ ಆಸ್ಟ್ರೇಲಿಯಾದಲ್ಲಿ ಫ್ಲಿಂಡರ್ಸ್ ಯೂನಿವರ್ಸಿಟಿಯ ಮೈಕೆಲ್ ಬುಲ್ 1982ರಿಂದ ದಶಕಗಟ್ಟಲೆ ಹಿಂಬಾಲಿಸಿ ನೋಡಿದ್ರು. ವರ್ಷದ ಬಹುಕಾಲ ಗಂಡು ಹೆಣ್ಣು ಬೇರೆ ಬೇರೆ, ವಸಂತ ಬಂತು ಅಂದ್ರೆ ಅದೇ ಗಂಡು ಅದೇ ಹೆಣ್ಣನ್ನ ಹುಡುಕ್ಕೊಂಡು ಬರುತ್ತೆ, ವಾರಗಟ್ಟಲೆ ಹಿಂದೆ ಮುಂದೆ ಓಡಾಡ್ತಾವೆ, ಕೆಲವು ಜೋಡಿ ಇಪ್ಪತ್ತು ವರ್ಷ ದಾಟಿಯೂ ಹಾಗೇ ಇದ್ವು. ಬ್ರಿಸ್ಬೇನ್‌ನ ರೋಮಾ ಸ್ಟ್ರೀಟ್ ಪಾರ್ಕ್‌ನಲ್ಲಿ ವಾಟರ್ ಡ್ರ್ಯಾಗನ್‌ಗಳ ಮುಖ ಗುರುತು ಹಿಡಿದು ಯಾವುದು ಯಾವುದರ ಜೊತೆ ಕೂರುತ್ತೆ ಅಂತ ವರ್ಷಗಟ್ಟಲೆ ದಾಖಲೆ ಮಾಡಿದಾರೆ, ಅವಕ್ಕೆ ಕೆಲವರ ಸಹವಾಸ ಇಷ್ಟ, ಕೆಲವರನ್ನ ಕಂಡ್ರೆ ದೂರ. ವಾಟರ್ ಡ್ರ್ಯಾಗನ್ ಬಿಯರ್ಡಿಯ ಕುಟುಂಬದ್ದೇ. ಅಂದ್ರೆ ಇಷ್ಟು ಹತ್ತಿರದ ನೆಂಟರಲ್ಲೂ ಒಬ್ಬೊಬ್ಬರ ಸಂಸಾರ ಒಂದೊಂದು ಥರ, ಗುಂಡನಿಗೆ ಸಿಕ್ಕಿದ್ದು ಒಂಟಿ ಕಂಬದ ಪಾಲು.

ಒಂಟಿ ಅಂದಾಕ್ಷಣ ದಡ್ಡ ಅಂದ್ಕೊಳ್ಬೇಡಿ. 2014ರಲ್ಲಿ ಇಂಗ್ಲೆಂಡಿನ ಲಿಂಕನ್ ಯೂನಿವರ್ಸಿಟಿಯ ಆನಾ ವಿಲ್ಕಿನ್ಸನ್ ಮತ್ತೆ ಅವರ ತಂಡ ಒಂದು ಪ್ರಯೋಗ ಪ್ರಕಟ ಮಾಡಿದ್ರು. ಒಂದು ಬಿಯರ್ಡಿಗೆ ಸಣ್ಣ ಜಾಲರಿ ಬಾಗಿಲನ್ನ ಪಕ್ಕಕ್ಕೆ ತಳ್ಳಿ ಹುಳ ತಿನ್ನೋದು ಕಲಿಸಿ, ಅದರ ವಿಡಿಯೋ ಬೇರೆಯವಕ್ಕೆ ತೋರಿಸಿದ್ರು. ನೋಡಿದವು ಅದೇ ಥರ ತಳ್ಳಿದವು. ಬಾಗಿಲು ತಾನಾಗೇ ಸರಿಯೋದನ್ನ ಮಾತ್ರ ನೋಡಿದವು ತಳ್ಳಲಿಲ್ಲ. ಸರೀಸೃಪಗಳು ಇನ್ನೊಬ್ಬರನ್ನ ನೋಡಿ ಅನುಕರಣೆ ಮಾಡ್ತಾವೆ ಅನ್ನೋದಕ್ಕೆ ಅದು ಮೊದಲ ಗಟ್ಟಿ ಪುರಾವೆ. ಕಂಬದ ಮೇಲೆ ಕೂತು ಇಡೀ ದಿನ ಪಕ್ಕದವರನ್ನೇ ನೋಡೋ ಪ್ರಾಣಿಗೆ ಅಷ್ಟು ಬರದಿದ್ರೆ ಹೇಗೆ ಅಂತ ನನಗನ್ಸುತ್ತೆ.

ಗಂಡು ಹೆಣ್ಣಿನ ಲೆಕ್ಕಾನೂ ಇವುಗಳಲ್ಲಿ ನಾವಂದ್ಕೊಂಡಷ್ಟು ಸಲೀಸಿಲ್ಲ. ನಮ್ಮಲ್ಲಿ ಎಕ್ಸ್ ವೈ ಇದ್ದ ಹಾಗೆ ಇವಕ್ಕೆ ಝೆಡ್ ಡಬ್ಲ್ಯೂ: ಎರಡು ಝೆಡ್ ಇದ್ರೆ ಗಂಡು, ಝೆಡ್ ಜೊತೆ ಡಬ್ಲ್ಯೂ ಇದ್ರೆ ಹೆಣ್ಣು. ಆದ್ರೆ ಮೊಟ್ಟೆ ಸುಮಾರು 32 ಡಿಗ್ರಿಗಿಂತ ಜಾಸ್ತಿ ಬಿಸೀಲಿ ಮರಿಯಾದ್ರೆ ಎರಡು ಝೆಡ್ ಇದ್ದವೂ ಹೆಣ್ಣಾಗಿ ಹುಟ್ಟೋಕೆ ಶುರುವಾಗುತ್ತೆ, ಮೊಟ್ಟೆಯನ್ನೂ ಇಡ್ತಾವೆ. ಕ್ಯಾನ್‌ಬೆರಾ ಯೂನಿವರ್ಸಿಟಿಯವ್ರು ಲ್ಯಾಬ್‌ನಲ್ಲಷ್ಟೇ ಅಲ್ಲ, ಬಯಲಲ್ಲಿ ಹಿಡಿದ 131 ಡ್ರ್ಯಾಗನ್‌ಗಳಲ್ಲಿ 11 ಇಂಥವು ಅಂತ 2015ರಲ್ಲಿ ನೇಚರ್ ಪತ್ರಿಕೇಲಿ ಬರೆದ್ರು. ಇವು ಮಾಮೂಲಿ ಹೆಣ್ಣುಗಳಿಗಿಂತ ಧೈರ್ಯಸ್ಥರು, ನಡವಳಿಕೇಲಿ ಗಂಡಿನ ಗತ್ತು ಅಂತ ಆಮೇಲಿನ ಅಧ್ಯಯನ ಹೇಳುತ್ತೆ. ದೊಡ್ಡಮ್ಮನಿಗೆ ಇದನ್ನ ವಿವರಿಸೋ ಧೈರ್ಯ ನನಗಿನ್ನೂ ಬಂದಿಲ್ಲ.

ಪೆನ್ರಿತ್‌ನ ಆ ಗರಾಜ್‌ನಲ್ಲಿ ಇನ್‌ಕ್ಯುಬೇಟರ್ 29 ಡಿಗ್ರಿ ದಾಟದ ಹಾಗೆ ಇಟ್ಟಿರ್ತಾರೆ. ಮೊಟ್ಟೆ ಮರಿಯಾಗೋಕೆ ಎರಡು ತಿಂಗಳ ಮೇಲೆ ಸ್ವಲ್ಪ ದಿನ ಹಿಡಿಯುತ್ತೆ. ಮರಿಗಳು ಹೆಬ್ಬೆರಳಿಗಿಂತ ಸ್ವಲ್ಪ ಉದ್ದ, ಒಂದು ಟಬ್‌ನಲ್ಲಿ ಗುಂಪಾಗಿ, ಯಾವುದೋ ಒಂದು ಎಲ್ಲರ ತಲೆ ಮೇಲೆ ಕಾಲಿಟ್ಟು ಕಲ್ಲಿನ ತುದಿ ಹಿಡಿದಿರುತ್ತೆ, ಉಳಿದವು ಅದಕ್ಕೆ ಕೈ ಬೀಸ್ತಾ ಇರ್ತಾವೆ. ಆಕೆ ದಿನಾ ನೋಡಿ ದೊಡ್ಡದಾಗ್ತಿರೋದನ್ನ ಬೇರೆ ಟಬ್‌ಗೆ ಹಾಕ್ತಾರೆ, ಮತ್ತೆ ಇದರಲ್ಲಿ ಇನ್ನೊಂದು ದೊಡ್ಡದಾಗುತ್ತೆ, ಅದನ್ನೂ ಬೇರೆ ಮಾಡ್ತಾರೆ. ಕೊಳ್ಳೋಕೆ ಬಂದವರು ಒಂದು ಜೋಡಿ ಕೊಡಿ ಅಂದ್ರೆ ಮನೇಲಿ ಎರಡು ಟ್ಯಾಂಕ್ ಇದ್ಯಾ, ಫೋಟೋ ತೋರಿಸಿ ಅಂತಾರೆ. ಇಲ್ಲ ಅಂದ್ರೆ ಒಂದೇ ಕೊಡೋದು, ಜಾಸ್ತಿ ದುಡ್ಡು ಕೊಡ್ತೀನಿ ಅಂದ್ರೂ ಅಷ್ಟೇ.